ರಾಜಧರ್ಮಪ್ರವೀಣ ತಂಬು ಚೆಟ್ಟಿಯವರು

ಮೈಸೂರು ಸಂಸ್ಥಾನದ ದಿವಾನರ ಹೆಸರುಗಳನ್ನು ಹೇಳಿರೆಂದರೆ ನಮ್ಮ ಮಕ್ಕಳು ರಂಗಾಚಾರ್ಲು, ಶೇಷಾದ್ರಿ ಅಯ್ಯರ್, ವಿಶ್ವೇಶ್ವರಯ್ಯ, ಮಿರ್ಜಾ ಇಸ್ಮಾಯಿಲ್ ಎಂದು ಒಂದೇ ಉಸಿರಿನಲ್ಲಿ ಒಪ್ಪಿಸಿಬಿಡುತ್ತಾರೆ. ಆ ಪೀಠದಲ್ಲಿ ಹಲವು ಬಾರಿ ಕುಳಿತು ರಾಜ್ಯಭಾರದ ಹೊರೆಯನ್ನು ಹೊತ್ತ ಕಥೋಲಿಕ ಕ್ರೈಸ್ತರೊಬ್ಬರು ಇದ್ದರೆಂಬುದನ್ನು ಮಕ್ಕಳಿರಲಿ, ದೊಡ್ಡವರಾದ ನಾವೂ ಮರೆತಿದ್ದೇವೆ. ಅವರೇ ರಾಜಧರ್ಮಪ್ರವೀಣ ಟಿ. ಆರ್. ಎ. ತಂಬು ಚೆಟ್ಟಿಯವರು. ನಮ್ಮ ದೇವಾಲಯದ ಶತಮಾನೋತ್ಸವದ ಈ ಸ್ಮರಣ ಸಂಚಿಕೆಯಲ್ಲಿ ಅವರ ಜೀವನವನ್ನು ಸಂಗ್ರಹವಾಗಿ ನಿರೂಪಿಸಲು ಉದ್ದೇಶಿಸಿದ್ದೇವೆ. ಅವರು ನಮ್ಮ ಧರ್ಮಕೇಂದ್ರದವರಲ್ಲ, ನಮ್ಮ ಜಿಲ್ಲೆಯವರೂ ಅಲ್ಲ. ಆದರೂ ಹಿರಿಯೂರು ಸೀಮೆಯಲ್ಲಿ ವಾಸಿಸುವ ನಮಗೂ ಅವರಿಗೂ ಒಂದು ಸಂಬಂಧವುಂಟು. ಅದನ್ನು ಅದರ ಸ್ಥಳದಲ್ಲಿಯೇ ಹೇಳುತ್ತೇವೆ.

ತಂಬು ಚೆಟ್ಟಿಯವರು 1837ನೆಯ ಇಸವಿ ಏಪ್ರಿಲ್ ತಿಂಗಳಲ್ಲಿ ತಿರುಚಿನಾಪಳ್ಳಿಯಲ್ಲಿ ಜನಿಸಿದರು. ತಂದೆಯವರ ಹೆಸರು ರಾಯಲು ಚೆಟ್ಟಿ. ಹೆಸರಿನ ಮುಂದಿರುವ ಮೂರು ಅಕ್ಷರಗಳಲ್ಲಿ ಮೊದಲನೆಯದು ಊರನ್ನೂ ಎರಡನೆಯದು ತಂದೆಯವರನ್ನೂ ಸೂಚಿಸುತ್ತವೆ. ಮೂರನೆಯ ಅಕ್ಷರಕ್ಕೆ ಆರೋಗ್ಯಸ್ವಾಮಿ ಎಂದರ್ಥ. ವೇಳಾಂಗಣಿಯ ಆರೋಗ್ಯ ಮಾತೆಯನ್ನು ಬಲ್ಲ ನಮ್ಮ ಓದುಗರಿಗೆ ಆ ಹೆಸರಿನ ಅರ್ಥವನ್ನು ವಿವರಿಸಬೇಕಾಗಿಲ್ಲ. ಹೊರಗಿನವರು ಕೇವಲ ತಂಬು ಚೆಟ್ಟಿ ಎಂಬ ಹೆಸರನ್ನು ಕೇಳಿದರೆ ಇವರು ಯಾವ ಮತದವರೆಂದು ಊಹಿಸುವಂತಿರಲಿಲ್ಲ. ಅವರ ಕ್ರೈಸ್ತ ಹೆಸರು ಒಂದು ಮೊದಲಕ್ಷರದಲ್ಲಿ ಅಡಗಿತ್ತು.

ಅವರು ಶ್ರೀಮಂತಿಕೆಯಿಂದಾಗಲಿ ವಂಶದ ಬಲದಿಂದಾಗಲಿ ಮೇಲೇರಿದವರಲ್ಲ. ಮದರಾಸಿನಲ್ಲಿ ಗುಮಾಸ್ತರಾಗಿ ಜೀವನವನ್ನಾರಂಭಿಸಿದ ಅವರು ಮೈಸೂರು ಸೀಮೆಯು ಇನ್ನೂ ಬ್ರಿಟಿಷ್ ಕಮಿಷನರುಗಳ ಆಡಳಿತದಲ್ಲಿದ್ದ ಕಾಲದಲ್ಲಿ ಇಲ್ಲಿಯ ಸರ್ಕಾರಿ ಸೇವೆಗೆ ಬಂದು ಸೇರಿದರು. 1831ರಿಂದ 1881ರವರೆಗೆ, ಐವತ್ತು ವರ್ಷಗಳ ಕಾಲ, ಈ ಸಂಸ್ಥಾನವು ಒಡೆಯರ ಕೈಯಲ್ಲಿರಲಿಲ್ಲವೆಂಬುದು ಚರಿತ್ರೆಯನ್ನೋದಿದ ಎಲ್ಲರಿಗೂ ತಿಳಿದ ವಿಷಯ. ಆ ಕಾಲದ ಕಚೇರಿಗಳಲ್ಲಿ ದೊಡ್ಡ ಹುದ್ದೆಗಳೆಲ್ಲ ಬಿಳಿಯರಿಗೇ ಮೀಸಲು. ದೇಶೀಯನು ಕಾಗದಪತ್ರಗಳನ್ನು ಸಿದ್ಧಪಡಿಸಬೇಕು, ದೊರೆಯು ರುಜು ಹಾಕಬೇಕು. ಹೀಗೆ ಕೆಳಗಿನ ಮೆಟ್ಟಿಲಿನಿಂದ ಪ್ರಾರಂಭಿಸಿ ನ್ಯಾಯಾಂಗದ ಒಂದೊಂದೇ ಮೆಟ್ಟಿಲನ್ನು ಹತ್ತಿದವರು ತಂಬು ಚೆಟ್ಟಿಯವರು. ಅವರು ಸೇವೆಯಲ್ಲಿದ್ದಾಗಲೇ 1876ರಿಂದ 1878ರ ಘೋರ ಕ್ಷಾಮವು ಬಂದೆರಗಿತು. ಸಂಸ್ಥಾನದ ಐದರಲ್ಲೊಂದು ಪಾಲು ಜನ ಆ ಕ್ಷಾಮದಲ್ಲಿ ಅಳಿದುಹೋದರೆಂದು ಚರಿತ್ರಕಾರರು ಬರೆಯುತ್ತಾರೆ. ಮಳೆಯೇ ಅಪರೂಪವಾದ ನಮ್ಮ ಚಿತ್ರದುರ್ಗದ ಬಯಲುಸೀಮೆಯ ಪಾಡನ್ನು ಪ್ರತ್ಯೇಕವಾಗಿ ವರ್ಣಿಸುವುದು ಬೇಡ. ಆ ಕ್ಷಾಮದ ನೆನಪು ಮುಂದಿನ ಆಡಳಿತಗಾರರೆಲ್ಲರ ಮನಸ್ಸಿನಲ್ಲಿ ಮುಳ್ಳಿನಂತೆ ಉಳಿದುಕೊಂಡಿತೆಂಬುದನ್ನು ಮಾತ್ರ ಇಲ್ಲಿ ನೆನಪಿನಲ್ಲಿಡಬೇಕು.

1881ರಲ್ಲಿ ರಾಜ್ಯವು ಮರಳಿ ಹತ್ತನೆಯ ಚಾಮರಾಜೇಂದ್ರ ಒಡೆಯರ ಕೈ ಸೇರಿತು. ರಂಗಾಚಾರ್ಲು ಅವರು ದಿವಾನರಾದರು. ಎರಡು ವರ್ಷಗಳೊಳಗಾಗಿ ಅವರು ತೀರಿಕೊಳ್ಳಲು, 1883ರಲ್ಲಿ ಶೇಷಾದ್ರಿ ಅಯ್ಯರ್ ಅವರು ಆ ಪದವಿಗೆ ಬಂದರು. 1884ರಲ್ಲಿ ಜುಡಿಷಿಯಲ್ ಕಮಿಷನರ್ ಎಂಬ ಒಬ್ಬನೇ ಅಧಿಕಾರಿಯ ಬದಲಿಗೆ ಮೂವರು ನ್ಯಾಯಾಧೀಶರುಳ್ಳ ಚೀಫ್ ಕೋರ್ಟು ಸ್ಥಾಪಿತವಾಯಿತು. 1930ರಲ್ಲಿ ಹೈಕೋರ್ಟಾಗಿ, ಇಂದು ಕರ್ನಾಟಕದ ಉಚ್ಚ ನ್ಯಾಯಾಲಯವೆಂದು ಕರೆಯಲ್ಪಡುವ ಸಂಸ್ಥೆಗೆ ಅದೇ ಮೂಲ. ಆ ಚೀಫ್ ಕೋರ್ಟಿನ ನ್ಯಾಯಾಧೀಶರಾಗಿ, ಮುಂದೆ ಅದರ ಮುಖ್ಯ ನ್ಯಾಯಾಧೀಶರಾಗಿ ತಂಬು ಚೆಟ್ಟಿಯವರು ನೇಮಕಗೊಂಡರು. ಆ ಪೀಠವನ್ನೇರಿದ ಮೊದಲನೆಯ ಭಾರತೀಯರು ಅವರೇ.

ಇದು ಎಂಥ ಜವಾಬ್ದಾರಿಯೆಂಬುದನ್ನು ಓದುಗರು ತುಸು ಯೋಚಿಸಬೇಕು. ಆಗಿನ ಮೈಸೂರು ಸಂಸ್ಥಾನದಲ್ಲಿ ಕ್ರೈಸ್ತರ ಸಂಖ್ಯೆ ನೂರಕ್ಕೆ ಒಬ್ಬರ ಆಸುಪಾಸಿನಲ್ಲಿತ್ತು. ನ್ಯಾಯಾಲಯಕ್ಕೆ ಬರುತ್ತಿದ್ದ ವ್ಯಾಜ್ಯಗಳಾದರೋ ದತ್ತುಸ್ವೀಕಾರದವು, ಅವಿಭಕ್ತ ಕುಟುಂಬದ ಆಸ್ತಿ ಹಂಚಿಕೆಯವು, ವಿಧವೆಯರ ಹಕ್ಕಿನವು, ಇನಾಮು ಭೂಮಿಯವು. ಇವುಗಳಲ್ಲಿ ಹಿಂದೂ ಧರ್ಮಶಾಸ್ತ್ರವನ್ನೂ ಮುಸಲ್ಮಾನರ ಶರೀಯತನ್ನೂ ಅನುಸರಿಸಿ ತೀರ್ಪು ಕೊಡಬೇಕಾಗಿತ್ತು. ಅಂಥ ಪೀಠದಲ್ಲಿ ಭಾನುವಾರ ತಪ್ಪದೆ ಪೂಜೆಗೆ ಹೋಗುವ ಕಥೋಲಿಕನೊಬ್ಬನು ಕುಳಿತು ತೀರ್ಪು ಕೊಡುವುದು ಸುಲಭವಾದ ಮಾತಲ್ಲ. ಕ್ರೈಸ್ತರ ಪರವೆಂದು ಒಂದು ಕಡೆಯವರೂ, ನಮ್ಮವರಾಗಿ ನಮಗೇನು ಮಾಡಿದರೆಂದು ಇನ್ನೊಂದು ಕಡೆಯವರೂ ಬೆರಳು ತೋರಿಸಲು ಸದಾ ಅವಕಾಶವಿರುವ ಸ್ಥಾನವದು. ಇಂಥವರಿಗೆ ಮೈಸೂರು ಅರಮನೆಯು ರಾಜಧರ್ಮಪ್ರವೀಣ ಎಂಬ ಬಿರುದನ್ನಿತ್ತಿತು. ಧರ್ಮವೆಂಬ ಶಬ್ದಕ್ಕೆ ಇಲ್ಲಿ ನ್ಯಾಯವೆಂದೇ ಅರ್ಥ. ಹಿಂದೂ ರಾಜನೊಬ್ಬನು ಕ್ರೈಸ್ತ ಪ್ರಜೆಗೆ ಆ ಶಬ್ದವಿರುವ ಬಿರುದನ್ನು ಕೊಡುವುದಕ್ಕೆ ಹಿಂಜರಿಯಲಿಲ್ಲ, ಪಡೆದವರೂ ಅದನ್ನು ಹೆಸರಿನ ಮುಂದೆ ಧರಿಸಲು ಹಿಂಜರಿಯಲಿಲ್ಲ. ಅವರಿಗೆ ಬಂದ ಗೌರವಗಳಲ್ಲೆಲ್ಲ ನಮಗೆ ಹೆಚ್ಚು ಪ್ರಿಯವಾದುದು ಇದೇ.

ಇನ್ನೊಂದು ಗೌರವ ಸಮುದ್ರದಾಚೆಯಿಂದ ಬಂದದ್ದು. 1895ರಲ್ಲಿ ಅವರು ಸಿ.ಐ.ಇ. ಪದವಿಯನ್ನು ಪಡೆದರು. ಈ ಮೂರಕ್ಷರಗಳು ಹಳೆಯ ಫೋಟೋಗಳ ಕೆಳಗೂ ಶಿಲಾಶಾಸನಗಳ ಮೇಲೂ ನಮ್ಮ ಕಣ್ಣಿಗೆ ಬೀಳುತ್ತಿರುತ್ತವೆಯಾದರೂ ಇವುಗಳ ಅರ್ಥವೇನೆಂದು ಈಗಿನ ತಲೆಮಾರಿನವರಿಗೆ ತಿಳಿಯದು. ಆದುದರಿಂದ ಎರಡು ಮಾತು ಬರೆಯುತ್ತೇವೆ. ವಿಕ್ಟೋರಿಯಾ ರಾಣಿಯು ಭಾರತದ ಚಕ್ರವರ್ತಿನಿಯೆಂಬ ಪದವಿಯನ್ನು ಧರಿಸಿದ ನಂತರ, 1878ರ ಆರಂಭದಲ್ಲಿ, ಇಂಡಿಯನ್ ಎಂಪೈರ್ ಎಂಬ ಹೆಸರಿನ ಗೌರವಶ್ರೇಣಿಯನ್ನು ಸ್ಥಾಪಿಸಿದಳು. ಇದಕ್ಕೂ ಮೊದಲು, 1861ರಲ್ಲಿ, ಸ್ಟಾರ್ ಆಫ್ ಇಂಡಿಯಾ ಎಂಬ ಇನ್ನೂ ಉನ್ನತವಾದ ಶ್ರೇಣಿಯೊಂದು ಹುಟ್ಟಿಕೊಂಡಿತ್ತು. ಅದು ಬಹುಮಟ್ಟಿಗೆ ಮಹಾರಾಜರಿಗೂ ದೊಡ್ಡ ಅಧಿಕಾರಿಗಳಿಗೂ ಸಲ್ಲುತ್ತಿತ್ತು. ಎರಡನೆಯ ಶ್ರೇಣಿಯು ಕಚೇರಿ, ನ್ಯಾಯಾಲಯ, ವೈದ್ಯ, ಎಂಜಿನಿಯರಿಂಗ್ ಮುಂತಾದ ಸಾರ್ವಜನಿಕ ಸೇವೆಯಲ್ಲಿ ದುಡಿದವರಿಗೂ ತೆರೆದಿತ್ತು. ಮೊದಲಿಗೆ ಅದರಲ್ಲಿ ಕಂಪ್ಯಾನಿಯನ್ ಎಂಬ ಒಂದೇ ದರ್ಜೆಯಿತ್ತು. 1887ರ ಹೊತ್ತಿಗೆ ಅದರ ಮೇಲೆ ನೈಟ್ ದರ್ಜೆಗಳು ಸೇರಿದವು. ನೈಟ್ ಆದವರಿಗೆ ಹೆಸರಿನ ಹಿಂದೆ ಸರ್ ಎಂದು ಸೇರಿಸಿಕೊಳ್ಳುವ ಹಕ್ಕುಂಟು, ಕಂಪ್ಯಾನಿಯನ್ನರಿಗೆ ಇಲ್ಲ. ಸಿ.ಐ.ಇ. ಎಂದರೆ ಕಂಪ್ಯಾನಿಯನ್. ಕೆಂಪು ಎರಕದ ಗುಲಾಬಿ, ಅದರ ನಡುವೆ ರಾಣಿಯ ಮುಖ, ಮೇಲೊಂದು ಕಿರೀಟ, ಊದಾ ಬಣ್ಣಕ್ಕೆ ಸಮೀಪವಾದ ನೀಲಿಯ ಪಟ್ಟಿ, ಇಷ್ಟು ಅದರ ಪದಕ.

ಶೇಷಾದ್ರಿ ಅಯ್ಯರ್ ಅವರು 1893ರಲ್ಲಿ ಸ್ಟಾರ್ ಆಫ್ ಇಂಡಿಯಾ ಶ್ರೇಣಿಯ ನೈಟ್ ಆಗಿ ಸರ್ ಎನಿಸಿಕೊಂಡರು. ವಿಶ್ವೇಶ್ವರಯ್ಯನವರು 1911ರಲ್ಲಿ ಸಿ.ಐ.ಇ., 1915ರಲ್ಲಿ ಅದೇ ಶ್ರೇಣಿಯ ನೈಟ್ ಆದರು. ತಂಬು ಚೆಟ್ಟಿಯವರು ಕಂಪ್ಯಾನಿಯನ್ ಆಗಿಯೇ ಉಳಿದರು. ಕೆಲವು ಬರಹಗಳಲ್ಲಿ ಇವರನ್ನು ಸರ್ ತಂಬು ಚೆಟ್ಟಿ ಎಂದು ಕರೆದಿರುವುದುಂಟು. ಅದು ಮಗನನ್ನೂ ತಂದೆಯನ್ನೂ ಒಂದು ಮಾಡಿದ್ದರಿಂದಾದ ಪ್ರಮಾದ.

ಪರದೇಶದ ಪ್ರಭುತ್ವ ಕೊಟ್ಟ ಪದಕವನ್ನು ಸ್ವತಂತ್ರ ಭಾರತದಲ್ಲಿ ಹೊಗಳುವುದು ಸರಿಯೇ ಎಂದು ಕೆಲವರು ಕೇಳಬಹುದು. ನ್ಯಾಯವಾದ ಪ್ರಶ್ನೆ. ಗಾಂಧೀಜಿಯವರೂ 1915ರಲ್ಲಿ ಕೈಸರ್-ಇ-ಹಿಂದ್ ಚಿನ್ನದ ಪದಕವನ್ನು ಪಡೆದಿದ್ದರು, 1920ರಲ್ಲಿ ಅದನ್ನು ಹಿಂದಿರುಗಿಸಿದರು. ರವೀಂದ್ರರು ಜಲಿಯನ್‌ವಾಲಾಬಾಗಿನ ಹತ್ಯಾಕಾಂಡದ ನಂತರ 1919ರಲ್ಲಿ ಸರ್ ಪದವಿಯನ್ನು ತ್ಯಜಿಸಿದರು. ಆದರೆ ಆ ಘಟನೆಗಳೆಲ್ಲ ತಂಬು ಚೆಟ್ಟಿಯವರು ಕಾಲವಾದ ಮೇಲಿನವು. ಅವರ ಕಾಲದಲ್ಲಿ ಅಂಥ ಪ್ರಶ್ನೆ ಯಾರ ಮುಂದೆಯೂ ಇಷ್ಟು ತೀಕ್ಷ್ಣವಾಗಿ ನಿಂತಿರಲಿಲ್ಲ. ಮೇಲಾಗಿ ಅವರು ಉಂಡ ಅನ್ನ ಮೈಸೂರಿನದು, ಮಾಡಿದ ಸೇವೆ ಮೈಸೂರಿನ ಪ್ರಜೆಗಳದು. ಲಂಡನ್ನಿನ ಗೆಜೆಟ್ಟಿನಲ್ಲಿ ಹೆಸರು ಅಚ್ಚಾದ ಮಾತ್ರಕ್ಕೆ ಆ ಸೇವೆಯ ಬೆಲೆ ಹೆಚ್ಚಲೂ ಇಲ್ಲ, ತಗ್ಗಲೂ ಇಲ್ಲ. ಸ್ವಾತಂತ್ರ್ಯಾನಂತರ ನಮ್ಮ ಸಂವಿಧಾನದ 18ನೆಯ ವಿಧಿಯು ಬಿರುದುಗಳನ್ನೇ ರದ್ದುಗೊಳಿಸಿತು. 1954ರಲ್ಲಿ ಆರಂಭವಾದ ಭಾರತರತ್ನ ಮತ್ತು ಪದ್ಮ ಪ್ರಶಸ್ತಿಗಳನ್ನೂ ಹೆಸರಿನ ಜೊತೆಗೆ ಬಿರುದಿನಂತೆ ಬಳಸಕೂಡದೆಂಬ ನಿಯಮವಿದೆ. ಇಂಡಿಯನ್ ಎಂಪೈರ್ ಶ್ರೇಣಿಗೆ 1947ರ ನಂತರ ಹೊಸಬರು ಸೇರಲಿಲ್ಲವೆಂದೇ ಹೇಳಬಹುದು. ಅದರ ಕೊನೆಯ ನೈಟ್ ಆಗಿದ್ದ ಧ್ರಾಂಗಧ್ರಾ ಮಹಾರಾಜರು 2010ರಲ್ಲಿ ತೀರಿಕೊಂಡರು.

ಮತ್ತೆ ತಂಬು ಚೆಟ್ಟಿಯವರ ಜೀವನಕ್ಕೆ ಬರೋಣ. ಅವರಿಗೆ ಸಿ.ಐ.ಇ. ಬಂದ ವರ್ಷವು ಮೈಸೂರಿಗೆ ಸೂತಕದ ವರ್ಷವಾಗಿತ್ತು. ಚಾಮರಾಜೇಂದ್ರ ಒಡೆಯರು 1894ರ ಡಿಸೆಂಬರ್ 28ರಂದು ಕಲ್ಕತ್ತೆಯಲ್ಲಿ ಗಂಟಲುಮಾರಿ ರೋಗದಿಂದ ಆಕಸ್ಮಿಕವಾಗಿ ಅಸುನೀಗಿದರು. ಆಗ ಅವರಿಗೆ ಮೂವತ್ತೊಂದೇ ವರ್ಷ. ಯುವರಾಜ ಕೃಷ್ಣರಾಜ ಒಡೆಯರು ಹತ್ತು ವರ್ಷದ ಬಾಲಕ. ಮಹಾರಾಣಿ ಕೆಂಪನಂಜಮ್ಮಣ್ಣಿ ವಾಣೀವಿಲಾಸ ಸನ್ನಿಧಾನದವರು ರಾಜಪ್ರತಿನಿಧಿಯಾಗಿ ಅಧಿಕಾರವನ್ನು ವಹಿಸಿಕೊಂಡರು. ಅವರಿಗೆ ನೆರವಾಗಲು ಒಂದು ರೀಜೆನ್ಸಿ ಕೌನ್ಸಿಲ್ ರಚಿತವಾಯಿತು. ದಿವಾನ್ ಶೇಷಾದ್ರಿ ಅಯ್ಯರ್, ಪಿ. ಎನ್. ಕೃಷ್ಣಮೂರ್ತಿ, ಅಬ್ದುಲ್ ರಹಮಾನ್, ತಂಬು ಚೆಟ್ಟಿ, ಹೀಗೆ ನಾಲ್ವರು. ಗಂಡನನ್ನು ಕಳೆದುಕೊಂಡ ಹಿಂದೂ ರಾಣಿ, ಆಕೆಯ ಮಗನ ರಾಜ್ಯವನ್ನು ಕಾಪಾಡಲು ನೇಮಕಗೊಂಡವರಲ್ಲಿ ಒಬ್ಬರು ಮುಸಲ್ಮಾನರು, ಒಬ್ಬರು ಕಥೋಲಿಕರು. ಮೈಸೂರಿನ ಸಹಿಷ್ಣುತೆಯನ್ನು ಕುರಿತು ಭಾಷಣ ಮಾಡುವವರು ಈ ಒಂದು ಪಟ್ಟಿಯನ್ನು ಓದಿ ಹೇಳಿದರೆ ಸಾಕು.

ಈಗ ನಮ್ಮ ಸೀಮೆಯ ಸಂಬಂಧಕ್ಕೆ ಬರುತ್ತೇವೆ. ಹಿರಿಯೂರಿನ ಸಮೀಪ ಎರಡು ಬೆಟ್ಟಗಳ ನಡುವಿನ ಮಾರಿಕಣಿವೆಯಲ್ಲಿ ವೇದಾವತಿ ನದಿಯು ಹಾದುಹೋಗುವ ಎಡೆಯಲ್ಲಿ ಒಂದು ಕಟ್ಟೆಯನ್ನು ಹಾಕಿದರೆ ಬಯಲಿಗೆ ನೀರು ಸಿಗುವುದೆಂಬ ಆಲೋಚನೆ ಹಳೆಯದು. ಅದನ್ನು ಕಾರ್ಯರೂಪಕ್ಕೆ ತಂದುದು ಇದೇ ರೀಜೆನ್ಸಿಯ ಆಡಳಿತ. 1898ರಲ್ಲಿ ಕೆಲಸ ಪ್ರಾರಂಭವಾಯಿತು, 1907ರಲ್ಲಿ ಮುಗಿಯಿತು. ಜಲಾಶಯಕ್ಕೆ ಮಹಾರಾಣಿಯವರ ಹೆಸರಿನಿಂದ ವಾಣೀವಿಲಾಸ ಸಾಗರವೆಂಬ ನಾಮಕರಣವಾಯಿತು. ಮೂವತ್ತು ಟಿ.ಎಂ.ಸಿ. ನೀರನ್ನು ಹಿಡಿಯಬಲ್ಲ ಈ ಸಾಗರವು ನಮ್ಮ ತಾಲ್ಲೂಕಿನ ತೋಟಗದ್ದೆಗಳಿಗೆ ಆಧಾರ. ಚಿತ್ರದುರ್ಗ, ಹಿರಿಯೂರುಗಳ ಕುಡಿಯುವ ನೀರಿಗೂ ಅದೇ ಆಸರೆಯಾಗಿ ಬಂದಿದೆ. ಇದರ ಕೀರ್ತಿ ಮುಖ್ಯವಾಗಿ ಶೇಷಾದ್ರಿ ಅಯ್ಯರ್ ಅವರಿಗೂ ಎಂಜಿನಿಯರುಗಳಿಗೂ ಸಲ್ಲಬೇಕು. ತಂಬು ಚೆಟ್ಟಿಯವರೇ ಅಣೆಕಟ್ಟೆಯನ್ನು ಕಟ್ಟಿಸಿದರೆಂದು ನಾವು ಹೇಳಹೊರಟಿಲ್ಲ. ಆದರೆ ಒಂದು ಕಟ್ಟೆ ಎದ್ದುನಿಲ್ಲುವುದು ಕಲ್ಲುಗಾರೆಗಳಿಂದ ಮಾತ್ರವಲ್ಲ. ಕ್ಷಾಮಪೀಡಿತ ಬಯಲಿಗಾಗಿ ರಾಜ್ಯದ ಬೊಕ್ಕಸದಿಂದ ವರ್ಷ ವರ್ಷವೂ ಹಣ ಹರಿಯಬೇಕಾದರೆ ಮೇಲೆ ಕುಳಿತ ಆಡಳಿತ ಒಪ್ಪಬೇಕು. ಆ ಆಡಳಿತದ ನಾಲ್ಕು ಮಂದಿಯಲ್ಲಿ ಇವರೊಬ್ಬರು.

ಧರ್ಮಪುರದ ಕಡೆಯ ನಮ್ಮ ಬಾಂಧವರು ಇದನ್ನೋದಿ ನಿಟ್ಟುಸಿರು ಬಿಟ್ಟರೆ ಆಶ್ಚರ್ಯವಿಲ್ಲ. ಅದೇ ತಾಲ್ಲೂಕಿನಲ್ಲಿದ್ದರೂ ಧರ್ಮಪುರದ ದೊಡ್ಡ ಕೆರೆಗೆ ಆ ಕಟ್ಟೆಯಿಂದ ಪ್ರಯೋಜನವಾಗಲಿಲ್ಲ. ವೇದಾವತಿಯ ನೀರನ್ನು ಪೂರಕ ನಾಲೆಯ ಮೂಲಕ ಆ ಕೆರೆಗೆ ಹರಿಸಬೇಕೆಂಬ ಬೇಡಿಕೆಯು ತಲೆಮಾರುಗಳಷ್ಟು ಹಳೆಯದು. ಅಜ್ಜಂದಿರು ಬರೆದ ಅರ್ಜಿಯನ್ನೇ ಮೊಮ್ಮಕ್ಕಳೂ ಬರೆದಿದ್ದಾರೆ. ದೊಡ್ಡವರ ಚರಿತ್ರೆಯನ್ನು ಬರೆಯುವಾಗ ಅವರ ಕಾಲದ ಕೆಲಸ ಎಲ್ಲಿಯವರೆಗೆ ಮುಟ್ಟಿತು, ಎಲ್ಲಿ ನಿಂತಿತು ಎಂಬುದನ್ನೂ ಹೇಳುವುದು ಸತ್ಯಕ್ಕೆ ಸಲ್ಲುವ ಮರ್ಯಾದೆ.

ಶೇಷಾದ್ರಿ ಅಯ್ಯರ್ ಅವರು ರಜೆಯ ಮೇಲೆ ಹೋದಾಗಲೆಲ್ಲ, 1890ರ ದಶಕದಲ್ಲಿ ಹಲವು ಬಾರಿ, ತಂಬು ಚೆಟ್ಟಿಯವರು ಹಂಗಾಮಿ ದಿವಾನರಾಗಿ ಕಾರ್ಯಭಾರವನ್ನು ನಡೆಸಿದರು. ಕೊನೆಯ ಸಾರಿಯ ಅವಧಿಯೇ ದೀರ್ಘವಾದುದು. 1900ನೆಯ ಇಸವಿ ಆಗಸ್ಟ್ 11ರಿಂದ 1901ರ ಮಾರ್ಚ್ 18ರವರೆಗೆ, ಏಳು ತಿಂಗಳಿಗೂ ಮಿಕ್ಕಿ. ಶೇಷಾದ್ರಿ ಅಯ್ಯರ್ ಅವರ ಆರೋಗ್ಯ ಪೂರ್ಣವಾಗಿ ಕುಸಿದಿತ್ತು. ಹದಿನೆಂಟು ವರ್ಷ ದಿವಾನಗಿರಿ ನಡೆಸಿದ ಆ ಮಹಾನುಭಾವರು ಮರಳಿ ಆ ಕುರ್ಚಿಗೆ ಬರಲಾಗಲಿಲ್ಲ, 1901ರ ಸೆಪ್ಟೆಂಬರಿನಲ್ಲಿ ತೀರಿಕೊಂಡರು.

ಆ ಏಳು ತಿಂಗಳುಗಳು ನೆಮ್ಮದಿಯ ಕಾಲವಾಗಿರಲಿಲ್ಲ. 1898ರ ಆಗಸ್ಟಿನಲ್ಲಿ ಬೆಂಗಳೂರಿಗೆ ಕಾಲಿಟ್ಟ ಪ್ಲೇಗು ಇನ್ನೂ ಸಂಸ್ಥಾನವನ್ನು ಬಿಟ್ಟಿರಲಿಲ್ಲ. ಜನರು ಊರುಗಳನ್ನು ತೊರೆದು ಹೊಲಗಳಲ್ಲಿ ಗುಡಿಸಲು ಹಾಕಿಕೊಳ್ಳುತ್ತಿದ್ದರು. ಇತ್ತ ಮಾರಿಕಣಿವೆಯಲ್ಲಿ ಕಟ್ಟಡದ ಕೆಲಸ, ಅತ್ತ ಶಿವನಸಮುದ್ರದಲ್ಲಿ ಕಾವೇರಿಯ ಜಲಪಾತದಿಂದ ವಿದ್ಯುಚ್ಛಕ್ತಿಯನ್ನು ತೆಗೆದು ಕೋಲಾರದ ಚಿನ್ನದ ಗಣಿಗಳಿಗೆ ಕಳುಹಿಸುವ ಕೆಲಸ. ಈ ಎರಡನೆಯದು 1902ರಲ್ಲಿ ಸಿದ್ಧಿಸಿತು. ವಿಕ್ಟೋರಿಯಾ ರಾಣಿಯು ಮರಣ ಹೊಂದಿದ್ದು 1901ರ ಜನವರಿ 22ರಂದು. ಮಾರ್ಚಿನ ಮೊದಲನೆಯ ದಿನ ಜನಗಣತಿ, ಸಂಸ್ಥಾನದ ಜನಸಂಖ್ಯೆ ಸುಮಾರು 55 ಲಕ್ಷ. ಅರುವತ್ತಮೂರು ವರ್ಷದ ಮುದುಕರೊಬ್ಬರು, ತಾವು ಆರಂಭಿಸದ ಕೆಲಸಗಳನ್ನು ನಿಲ್ಲಗೊಡದೆ, ಅವುಗಳ ಕೀರ್ತಿ ಇನ್ನೊಬ್ಬರದೆಂದು ತಿಳಿದಿದ್ದೂ ನಡೆಸಿಕೊಂಡು ಹೋದರು.

ಅವರನ್ನು ಕಾಯಂ ದಿವಾನರನ್ನಾಗಿ ಮಾಡಲಿಲ್ಲ. 1901ರ ಮಾರ್ಚಿನಲ್ಲಿ ಆ ಪದವಿಯು ಕೌನ್ಸಿಲಿನಲ್ಲಿ ಅವರ ಸಹೋದ್ಯೋಗಿಯಾಗಿದ್ದ ಪಿ. ಎನ್. ಕೃಷ್ಣಮೂರ್ತಿಯವರಿಗೆ ಸಂದಿತು. ಇವರು ದಿವಾನ್ ಪೂರ್ಣಯ್ಯನವರ ವಂಶಸ್ಥರು, ಸಮರ್ಥರೂ ಹೌದು. ತಂಬು ಚೆಟ್ಟಿಯವರಿಗೆ ವಯಸ್ಸಾಗಿತ್ತೆಂಬುದೂ ನಿಜ. ಆದರೂ ಒಂದು ಮಾತನ್ನು ಹೇಳದೆ ವಿಧಿಯಿಲ್ಲ. ಇತರರ ಹೆಸರಿನಲ್ಲಿ ಪದೇ ಪದೇ ಒಂದು ಕುರ್ಚಿಯಲ್ಲಿ ಕುಳಿತು, ಕರೆದಾಗ ಬಂದು, ಸಾಕೆಂದಾಗ ಎದ್ದುಹೋಗುವುದು ಮನುಷ್ಯಸ್ವಭಾವಕ್ಕೆ ಸಹಜವಾದುದಲ್ಲ. ನಮ್ಮ ಧರ್ಮಕೇಂದ್ರದ ಸಣ್ಣಪುಟ್ಟ ಸಂಘಗಳ ಅಧ್ಯಕ್ಷಗಿರಿಗಾಗಿ ನಡೆಯುವ ಮನಸ್ತಾಪಗಳನ್ನು ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಮೈಸೂರಿನ ದಿವಾನರ ಪಟ್ಟಿಯಲ್ಲಿ ಅವರ ಹೆಸರಿನ ಪಕ್ಕದಲ್ಲಿ ಹಂಗಾಮಿ ಎಂಬ ಶಬ್ದವು ಇಂದಿಗೂ ಇದೆ.

ಅವರು ಸೇವೆಯಿಂದ ನಿವೃತ್ತರಾದ ಮರುವರ್ಷ, 1902ರ ಆಗಸ್ಟ್ 8ರಂದು, ಕೃಷ್ಣರಾಜ ಒಡೆಯರು ಪ್ರಾಪ್ತವಯಸ್ಕರಾಗಿ ರಾಜ್ಯಾಧಿಕಾರವನ್ನು ಕೈಗೊಂಡರು. ಹತ್ತು ವರ್ಷದ ಬಾಲಕನ ಕೈಯಿಂದ ಯಾವ ರಾಜ್ಯವನ್ನು ಕೌನ್ಸಿಲ್ ಪಡೆದುಕೊಂಡಿತ್ತೋ ಅದನ್ನು ಹದಿನೆಂಟರ ತರುಣನ ಕೈಗೆ ಸಾಲದ ಹೊರೆಯಿಲ್ಲದೆ, ಒಡಕಿಲ್ಲದೆ ಒಪ್ಪಿಸಲಾಯಿತು. ತಂಬು ಚೆಟ್ಟಿಯವರು 1907ನೆಯ ಇಸವಿ ಜೂನ್ 19ರಂದು, ತಮ್ಮ ಎಪ್ಪತ್ತನೆಯ ವಯಸ್ಸಿನಲ್ಲಿ ದೈವಾಧೀನರಾದರು. ಮಾರಿಕಣಿವೆಯ ಕಟ್ಟೆ ಮುಗಿದದ್ದೂ ಅದೇ ವರ್ಷ. ಮಂಗಳೂರಿನ ಕಂಕನಾಡಿಯಲ್ಲಿ ಕುಷ್ಠರೋಗಿಗಳ ಸೇವೆ ಮಾಡುತ್ತಿದ್ದ ಯೇಸುಸಭೆಯ ವಂದನೀಯ ಫಾದರ್ ಅಗಸ್ಟಸ್ ಮುಲ್ಲರ್ ಅವರಿಗೆ ಕೈಸರ್-ಇ-ಹಿಂದ್ ಪದಕ ಬಂದದ್ದೂ ಅದೇ 1907ರಲ್ಲಿ. ಮುಲ್ಲರ್ ಸ್ವಾಮಿಗಳ ಹೆಸರು ಅವರ ಆಸ್ಪತ್ರೆಯಿಂದ ಉಳಿದಿದೆ. ನ್ಯಾಯಾಧೀಶನ ಹೆಸರು ಉಳಿಯುವುದು ಕಷ್ಟ. ತೀರ್ಪುಗಳನ್ನು ವಕೀಲರಲ್ಲದೆ ಯಾರೂ ಓದುವುದಿಲ್ಲ.

ಅವರ ಮನೆತನದ ಸೇವೆಯು ಅವರೊಡನೆ ನಿಲ್ಲಲಿಲ್ಲ. ಅವರ ಪುತ್ರರೂ ತಂಬು ಚೆಟ್ಟಿಯೆಂಬ ಹೆಸರಿನವರೇ. ನಾಲ್ವಡಿ ಕೃಷ್ಣರಾಜ ಒಡೆಯರ ಖಾಸಗಿ ಕಾರ್ಯದರ್ಶಿಗಳಾಗಿದ್ದು, ಅಮಾತ್ಯಶಿರೋಮಣಿ ಎಂಬ ಬಿರುದನ್ನೂ ಬ್ರಿಟಿಷ್ ಸರ್ಕಾರದಿಂದ ಸರ್ ಪದವಿಯನ್ನೂ ಪಡೆದವರು ಇವರು. ತಂದೆಗೆ ದೊರೆಯದ ಸರ್ ಮಗನಿಗೆ ದೊರೆಯಿತು. ಮುಮ್ಮಡಿ ಕೃಷ್ಣರಾಜರು 1843ರಲ್ಲಿ ಮೈಸೂರಿನಲ್ಲಿ ಕಟ್ಟಿಸಿಕೊಟ್ಟಿದ್ದ ಹಳೆಯ ದೇವಾಲಯದ ಸ್ಥಳದಲ್ಲಿ ಭವ್ಯವಾದ ದೇವಾಲಯವೊಂದು ಆಗಬೇಕೆಂಬ ಕಾಲ ಬಂದಾಗ, 1926ರಲ್ಲಿ ಜಗದ್ಗುರುಗಳ ಪ್ರತಿನಿಧಿಯಾಗಿದ್ದ ಪೂಜ್ಯ ಪೀಟರ್ ಪಿಸಾನಿಯವರಿಂದ ಸಂತ ಫಿಲೋಮಿನಮ್ಮನವರ ಪವಿತ್ರ ಅವಶೇಷವನ್ನು ಪಡೆದು, ವಂದನೀಯ ಕೋಷೆ ಸ್ವಾಮಿಗಳಿಗೆ ಒಪ್ಪಿಸಿದವರು ಮಗ ತಂಬು ಚೆಟ್ಟಿಯವರು. ಮಹಾರಾಜರು 1933ರ ಅಕ್ಟೋಬರ್ 28ರಂದು ಆ ದೇವಾಲಯಕ್ಕೆ ಅಸ್ತಿವಾರದ ಕಲ್ಲನ್ನಿಟ್ಟರು.

ನಮ್ಮ ಧರ್ಮಕೇಂದ್ರದಿಂದ ಮೈಸೂರಿಗೆ ಯಾತ್ರೆ ಹೋಗುವವರು ಆ ಎರಡು ಗೋಪುರಗಳನ್ನು ನೋಡಿ, ಕೆಳಗಿನ ನೆಲಮನೆಯಲ್ಲಿ ಮಲಗಿರುವ ಸಂತಳ ಪ್ರತಿಮೆಗೆ ನಮಸ್ಕರಿಸಿ ಬರುತ್ತಾರೆ. ಅಲ್ಲಿ ಕೇಳಿಬರುವ ತಂಬು ಚೆಟ್ಟಿಯವರು ಮಗ. ನಾವು ಇಲ್ಲಿ ಬರೆದದ್ದು ತಂದೆಯನ್ನು ಕುರಿತು. ತಂದೆಯ ಕಾಲದ ಕೆಲಸವನ್ನು ಕಾಣಬೇಕಾದರೆ ಅಷ್ಟು ದೂರ ಹೋಗಬೇಕಾಗಿಲ್ಲ. ಮೈಸೂರಿನ ದೇವಾಲಯಕ್ಕೆ ಅಸ್ತಿವಾರ ಬಿದ್ದ ಅದೇ 1933ರಲ್ಲಿ ವಾಣೀವಿಲಾಸ ಸಾಗರವು ಮೊದಲ ಬಾರಿಗೆ ತುಂಬಿ ಕೋಡಿ ಹರಿಯಿತು. ಆಮೇಲೆ ಕೋಡಿಯಲ್ಲಿ ನೀರು ಕಾಣಲು ಜನರು 89 ವರ್ಷ ಕಾಯಬೇಕಾಯಿತು. 2022ರಲ್ಲಿ ಅದು ಮತ್ತೆ ತುಂಬಿದಾಗ, ಹಿರಿಯೂರಿನ ಸುತ್ತಣ ಹಳ್ಳಿಗಳವರು ಜಾತಿಮತವೆನ್ನದೆ ಗಾಡಿ ಕಟ್ಟಿಕೊಂಡು, ಬುತ್ತಿ ಹೊತ್ತುಕೊಂಡು ನೋಡಲು ಹೋದರು.